ಮೀಸಲಿದ್ದ ಒಂದು ಹುದ್ದೆ

೯ ಫೆಬ್ರವರಿ ೧೯೯೮

ಮಗಳೇ,

ನೀನು ಕೆಲಸಕ್ಕೆ ಹಾಜರಾದ ಸುದ್ದಿಯ ಕಾಗದ ಶನಿವಾರ ಬಂತು. ನಿಮ್ಮಮ್ಮ ಅದನ್ನು ಹೊಲಿಗೆ ಮಿಷನ್ನಿನ ಡ್ರಾಯರಿನಲ್ಲಿ, ಗುಂಡಿಗಳ ಡಬ್ಬಿಯ ಕೆಳಗೆ ಇಟ್ಟಿದ್ದಾಳೆ. ಬಟ್ಟೆ ಹೊಲಿಸಲು ಬಂದವರಿಗೆಲ್ಲ ಮೊದಲು ಅದನ್ನು ತೆಗೆದು ತೋರಿಸುತ್ತಾಳೆ, ಅಳತೆ ತೆಗೆಯುವುದು ಆಮೇಲೆ. ಸರ್ಕಾರಿ ಕೆಲಸ ನಮ್ಮ ಮನೆತನದಲ್ಲಿ ನಿನ್ನದೇ ಮೊದಲು. ಇನ್ನು ಯಾರೂ ನಿನಗೆ ‘ನಾಳೆಯಿಂದ ಬರಬೇಡ’ ಎಂದು ಬಾಯಿಮಾತಿನಲ್ಲಿ ಹೇಳಿ ಕಳಿಸಲಾರರು. ನಾನು ಮಾತ್ರ ಮೂವತ್ತನಾಲ್ಕು ವರ್ಷದಿಂದ ಈ ಔಷಧಿ ಅಂಗಡಿಯ ಕೌಂಟರಿನಲ್ಲಿ ನಿಂತು, ಮಾಲೀಕ ಇವತ್ತು ಯಾವ ಮುಖ ಹೊತ್ತು ಬರುತ್ತಾನೋ ನೋಡಿಕೊಂಡೇ ದಿನ ಶುರು ಮಾಡಿದವನು.

ಈ ಕಾಗದ ಬರೆಯುತ್ತಿರುವುದು ಬೇರೆ ಕಾರಣಕ್ಕೆ. ನಿನ್ನನ್ನು ಯಾವ ಕಚೇರಿಗೆ ಹಾಕಿದ್ದಾರೆಂದು ಓದಿದಾಗ ಕೈಯಲ್ಲಿದ್ದ ಸೀಸೆಯನ್ನು ಕೆಳಗಿಟ್ಟೆ. ಜಾತಿ ಪ್ರಮಾಣಪತ್ರ ಪರಿಶೀಲನಾ ಸಮಿತಿ. ಸುಳ್ಳು ಜಾತಿ ಹೇಳಿ ಕೆಲಸಕ್ಕೆ ಸೇರಿದವರನ್ನು ಹಿಡಿಯುವ ಕಚೇರಿ.

ಗುಳಿಗೆ ನಿನಗೆ ಗೊತ್ತು. ನಮ್ಮ ಅಂಗಡಿಯ ಎದುರಿನ ಸರ್ಕಾರಿ ಆಸ್ಪತ್ರೆಯ ಹಿರಿಯ ಫಾರ್ಮಸಿಸ್ಟ್. ನಾವಿಬ್ಬರೂ ಫಾರ್ಮಸಿ ಡಿಪ್ಲೊಮಾ ಒಂದೇ ಬೆಂಚಿನಲ್ಲಿ ಕೂತು ಓದಿದೆವು. ಕುಳ್ಳಗೆ, ಗುಂಡಗೆ, ಮೇಲೆಲ್ಲ ಸಕ್ಕರೆ ಲೇಪ. ಹಾಗಾಗಿ ನಾನು ಅವನಿಗೆ ಗುಳಿಗೆ ಎಂದು ಹೆಸರಿಟ್ಟೆ. ನನ್ನ ಮುಖ ನೋಡಿ ಅವನು ನನಗೆ ಕಷಾಯ ಎಂದು ಇಟ್ಟ. ನಿನ್ನ ಅಜ್ಜಿ ಅವನಿಗೆ ನನ್ನ ತಟ್ಟೆಯಲ್ಲೇ ಊಟ ಬಡಿಸುತ್ತಿದ್ದಳು.

೧೯೬೪ರಲ್ಲಿ ಆ ಆಸ್ಪತ್ರೆಗೆ ನಮ್ಮ ಜಾತಿಗೆಂದೇ ಮೀಸಲಿಟ್ಟ ಹುದ್ದೆ ಬಂತು. ಒಂದೇ ಒಂದು. ನಾನು ಪಟ್ಟಿಯಲ್ಲಿ ಎರಡನೆಯವನಾದೆ. ಮೊದಲನೆಯ ಹೆಸರು ಗುಳಿಗೆಯದು, ಅದರ ಮುಂದೆ ನಮ್ಮ ಜಾತಿ.

ಅವನ ಜಾತಿ ಯಾವುದೆಂದು ನಿನಗೆ ವಿವರಿಸಬೇಕಾಗಿಲ್ಲ. ನಿನಗಾಗ ಏಳು ವರ್ಷ. ಅಮ್ಮನಿಗೆ ಇಂಜೆಕ್ಷನ್ ಬೇಕಾಗಿ ನಿನ್ನ ಕೈ ಹಿಡಿದುಕೊಂಡು ಅವನ ಮನೆಗೆ ಹೋಗಿದ್ದೆ. ಕಿಟಕಿಯ ದಂಡೆಯ ಮೇಲೆ ಬೇರೆಯಾಗಿ ಇಟ್ಟಿದ್ದ ಲೋಟದಲ್ಲಿ ಟೀ ಕೊಟ್ಟರು. ಕುಡಿದಾದ ಮೇಲೆ ಅವನ ಹೆಂಡತಿ, ‘ಅಲ್ಲೇ ನಲ್ಲಿ ಇದೆ, ತೊಳೆದಿಟ್ಟುಬಿಡಿ’ ಅಂದಳು. ನೀನು ತೊಳೆದೆ. ಗುಳಿಗೆ ಪೇಪರಿನಿಂದ ತಲೆ ಎತ್ತಲಿಲ್ಲ. ಸರ್ಟಿಫಿಕೇಟಿನಲ್ಲಿ ನಮ್ಮವನಾಗಿ ಸಂಬಳ ತಿಂದವನ ಮನೆಯಲ್ಲಿ ನಮ್ಮ ಎಂಜಲು ಲೋಟಕ್ಕೆ ಇದ್ದ ಜಾಗ ಅದು.

ದಿನವೂ ಅವನ ಕೈಬರಹ ನೋಡುತ್ತೇನೆ. ಆಸ್ಪತ್ರೆಯಲ್ಲಿ ಇಲ್ಲದ ಔಷಧಿಯ ಚೀಟಿ ಮೇಲೆ ‘ಸ್ಟಾಕ್ ಇಲ್ಲ, ಹೊರಗೆ ಕೊಳ್ಳಿ’ ಎಂದು ಬರೆದು ಕಳಿಸುತ್ತಾನೆ. ರೋಗಿಗಳು ಅದನ್ನು ಹಿಡಿದುಕೊಂಡು ರಸ್ತೆ ದಾಟಿ ನನ್ನ ಮುಂದೆ ನಿಲ್ಲುತ್ತಾರೆ. ಅವನು ಕುರ್ಚಿಯಲ್ಲಿ ಕೂತು ಬರೆದದ್ದನ್ನು ನಾನು ನಿಂತು ಓದಬೇಕು. ನನ್ನ ಕಾಲಿನ ನರಗಳು ಹಗ್ಗದ ಹಾಗೆ ಉಬ್ಬಿವೆ.

ಅಕ್ಟೋಬರ್ ಮೂವತ್ತೊಂದಕ್ಕೆ ಅವನ ನಿವೃತ್ತಿ. ಅಷ್ಟರೊಳಗೆ ಅವನು ಆ ಕುರ್ಚಿಯಿಂದ ವಜಾ ಆಗಿ ಎದ್ದುಹೋಗಬೇಕು. ಹಾರ ಹಾಕಿಸಿಕೊಂಡು ಹೋಗಕೂಡದು. ಅವನ ಫೈಲು ತೆಗೆಸು.

ಅಂಗಡಿಗೆ ಫೋನ್ ಮಾಡಬೇಡ. ಅದು ಮಾಲೀಕನ ಮೊಣಕೈ ಪಕ್ಕದಲ್ಲೇ ಇದೆ. ಕಾಗದ ಬರೆ.

ನಿನ್ನ ಅಪ್ಪ

೨೦ ಫೆಬ್ರವರಿ ೧೯೯೮

ಅಪ್ಪನಿಗೆ,

ಲೋಟ ನೆನಪಿದೆ. ಅಂಚಿಗೆ ನೀಲಿ ಗೆರೆ ಇತ್ತು, ಒಂದು ಕಡೆ ಚೂರು ಒಡೆದಿತ್ತು. ನೀವು ಅದನ್ನು ಹೇಳಿ ನನ್ನನ್ನು ಕೆರಳಿಸಬೇಕಾಗಿರಲಿಲ್ಲ.

ಆದರೆ ನನ್ನ ಕೆಲಸ ಏನೆಂದು ನಿಮಗೆ ತಿಳಿದಂತಿಲ್ಲ. ಬಂದ ಫೈಲುಗಳ ಪುಟಗಳಿಗೆ ನಂಬರು ಹಾಕಿ, ಎಡಬದಿಗೆ ತೂತು ಹೊಡೆದು ದಾರ ಕಟ್ಟುತ್ತೇನೆ. ಯಾರ ಫೈಲನ್ನು ತೆರೆಯಬೇಕು, ಯಾರದನ್ನು ಮುಚ್ಚಬೇಕು ಎಂದು ಹೇಳುವವರ ಕೋಣೆಗೆ ನನಗೆ ಪ್ರವೇಶವೂ ಇಲ್ಲ. ಎರಡು ವರ್ಷ ಪ್ರೊಬೇಷನ್. ಆ ಅವಧಿಯಲ್ಲಿ ಮೇಲಿನವರು ನನ್ನ ನಡತೆ ಸರಿಯಿಲ್ಲ ಎಂದು ಒಂದು ಸಾಲು ಬರೆದರೂ ಮನೆಗೆ ಕಳಿಸಬಹುದು. ಅಮ್ಮ ಆ ಕಾಗದವನ್ನು ಡ್ರಾಯರಿನಿಂದ ಅಷ್ಟು ಸಲ ಹೊರಗೆ ತೆಗೆಯದಿರಲಿ.

ಇನ್ನೊಂದು ಮಾತು. ಇಲ್ಲಿಗೆ ಬರುವವರಲ್ಲಿ ಹೆಚ್ಚಿನವರು ನಿಜವಾದವರೇ. ಅವರ ಅಪ್ಪ ಓದಿದ ಶಾಲೆ ಬಿದ್ದುಹೋಗಿರುತ್ತದೆ, ಅಜ್ಜನ ಹೆಸರನ್ನು ಒಂದೊಂದು ಕಡೆ ಒಂದೊಂದು ಥರ ಬರೆದಿರುತ್ತಾರೆ. ನಿನ್ನೆ ಒಬ್ಬ ಬಸ್ ಕಂಡಕ್ಟರು ಬಂದಿದ್ದರು. ಹದಿನೆಂಟು ವರ್ಷ ಸರ್ವಿಸು. ನಮ್ಮವರೇ. ಅಜ್ಜನ ಸಾವಿನ ದಾಖಲೆಯನ್ನು ಪ್ಲಾಸ್ಟಿಕ್ ಕವರಿನಿಂದ ತೆಗೆಯುವಾಗ ಅದು ಮಡಿಕೆಯಲ್ಲಿ ಎರಡು ಹೋಳಾಯಿತು. ಹೋಳುಗಳನ್ನು ಜೋಡಿಸಿ ಹಿಡಿದುಕೊಂಡು, ‘ಕೆಲಸ ಹೋಗುತ್ತಾ ಮೇಡಂ’ ಎಂದು ನನ್ನನ್ನು ಕೇಳಿದರು. ಸುಳ್ಳು ಹೇಳಿದವರ ಫೈಲುಗಳು ಹೀಗಿರುವುದಿಲ್ಲ. ಅಚ್ಚುಕಟ್ಟಾಗಿರುತ್ತವೆ, ಒಂದು ಕಾಗದವೂ ಕಡಿಮೆ ಇರುವುದಿಲ್ಲ.

ಹೆಸರಿಲ್ಲದ ದೂರುಗಳು ನೇರ ಬುಟ್ಟಿಗೆ ಹೋಗುತ್ತವೆ. ಸಹಿ, ವಿಳಾಸ, ಆಧಾರ ಮೂರೂ ಇದ್ದರೆ ಮಾತ್ರ ವಿಚಾರಣೆ. ಇದನ್ನು ನಿಮ್ಮನ್ನು ಹುರಿದುಂಬಿಸಲು ಬರೆಯುತ್ತಿಲ್ಲ, ತಡೆಯಲು ಬರೆಯುತ್ತಿದ್ದೇನೆ.

ಒಂದು ಕೇಳಲೇ? ಮೂವತ್ತನಾಲ್ಕು ವರ್ಷ ನೀವು ಯಾಕೆ ಸುಮ್ಮನಿದ್ದಿರಿ?

ನಿಮ್ಮ ಮಗಳು

೩ ಮಾರ್ಚ್ ೧೯೯೮

ಮಗಳೇ,

ತಡೆಯಲು ಬರೆದೆ ಅಂದೆ. ನನಗೆ ದಾರಿ ಕಾಣಿಸಿತು.

ನನ್ನ ಹೆಸರು, ಮನೆಯ ವಿಳಾಸ, ಸಹಿ ಎಲ್ಲ ಹಾಕಿ ದೂರನ್ನು ರಿಜಿಸ್ಟರ್ಡ್ ಅಂಚೆಯಲ್ಲಿ ಕಳಿಸಿದ್ದೇನೆ. ನೀನು ಅದನ್ನು ಮುಟ್ಟಬೇಡ. ನಿನ್ನ ಮೇಜಿಗೆ ಬಂದರೆ ಪಕ್ಕದವರಿಗೆ ಕೊಡು.

ಆಧಾರವೂ ಇದೆ. ಗುಳಿಗೆ ಓದಿದ ಶಾಲೆಯ ದಾಖಲಾತಿ ಪುಸ್ತಕದಲ್ಲಿ ಅವನ ವರ್ಷದ ಪುಟವೇ ಇಲ್ಲ. ಅದನ್ನು ಹರಿದವರು ಯಾರೆಂದು ಬೇರೆ ಹೇಳಬೇಕಾಗಿಲ್ಲ. ಆದರೆ ಅವನ ಅಣ್ಣ ಓದಿದ್ದು ಬೇರೆ ಶಾಲೆಯಲ್ಲಿ, ಸೋದರಮಾವನ ಮನೆಯಲ್ಲಿದ್ದುಕೊಂಡು. ನಾವು ವಿದ್ಯಾರ್ಥಿಗಳಾಗಿದ್ದಾಗ ಆ ಅಣ್ಣನ ವರ್ಗಾವಣೆ ಪತ್ರದ ನಕಲು ತರಲು ನಾನೂ ಗುಳಿಗೆಯ ಜೊತೆ ಸೈಕಲ್ಲಿನಲ್ಲಿ ಡಬಲ್ ಹೋಗಿದ್ದೆ. ಆ ಶಾಲೆ ಯಾರಿಗೂ ಗೊತ್ತಿಲ್ಲ, ನನಗೆ ಗೊತ್ತು. ಪುಸ್ತಕ ಈಗಲೂ ಅಲ್ಲಿದೆ. ಕಳೆದ ಭಾನುವಾರ ಹೆಡ್ ಮಾಸ್ಟರ ಮನೆಗೆ ಹೋಗಿ ಕೇಳಿಕೊಂಡು ಬಂದೆ. ಅಣ್ಣನ ಹೆಸರಿನ ಮುಂದೆ ಅವರ ನಿಜವಾದ ಜಾತಿ ಮಸಿಯಲ್ಲಿ ದುಂಡಗೆ ಬರೆದಿದೆಯಂತೆ. ಒಬ್ಬ ತಾಯಿಯ ಮಕ್ಕಳಿಗೆ ಎರಡು ಜಾತಿ ಹೇಗೆ ಬಂತೆಂದು ನಿಮ್ಮ ಸಮಿತಿಯೇ ಕೇಳಲಿ.

ಅಂಗಡಿಯಲ್ಲಿ ಮೈ ಹಗುರವಾಗಿದೆ. ಇವತ್ತು ಅವನ ಚೀಟಿಗಳು ಹನ್ನೊಂದು ಬಂದವು. ಒಂದೊಂದನ್ನೂ ನಿಧಾನವಾಗಿ ಓದಿದೆ.

ನಿನ್ನ ಕೊನೆಯ ಪ್ರಶ್ನೆಗೆ ಆಮೇಲೆ ಬರೆಯುತ್ತೇನೆ.

ನಿನ್ನ ಅಪ್ಪ

೨೯ ಏಪ್ರಿಲ್ ೧೯೯೮

ಅಪ್ಪನಿಗೆ,

ನೀವು ಆಮೇಲೆ ಬರೆಯಲಿಲ್ಲ. ಬರೆಯುವುದೂ ಬೇಡ, ಉತ್ತರ ನನಗೇ ಸಿಕ್ಕಿತು.

ನಿಮ್ಮ ದೂರಿನ ಮೇಲೆ ಸಮಿತಿಯವರು ಕಂದಾಯ ಕಚೇರಿಯಿಂದ ಗುಳಿಗೆಯ ಮೂಲ ಫೈಲು ತರಿಸಿದರು. ಪುಟಗಳಿಗೆ ನಂಬರು ಹಾಕಲು ಅದು ನನ್ನ ಮೇಜಿಗೇ ಬಂತು. ಪಕ್ಕದವರು ರಜೆಯಲ್ಲಿದ್ದರು. ನಾನು ಓದದೆ ನಂಬರು ಹಾಕುತ್ತಾ ಹೋದೆ. ಪುಟ ಒಂದು, ಅರ್ಜಿ; ಪುಟ ಎರಡು, ವಿಚಾರಣೆಯ ಟಿಪ್ಪಣಿ; ಪುಟ ಮೂರು, ಸಾಕ್ಷಿಗಳ ಹೇಳಿಕೆ. ‘ಈ ಅರ್ಜಿದಾರನು ನಮ್ಮ ಕೇರಿಯಲ್ಲಿ ಹುಟ್ಟಿ ಬೆಳೆದವನು, ನಮ್ಮ ಜಾತಿಯವನು, ನಮಗೆ ಖುದ್ದಾಗಿ ಗೊತ್ತು.’ ಕೆಳಗೆ ಇಬ್ಬರು ಸಾಕ್ಷಿಗಳು. ಮೊದಲನೆಯದು ಹೆಬ್ಬೆಟ್ಟಿನ ಗುರುತು. ಎರಡನೆಯದು ಸಹಿ.

ಆ ಸಹಿಯನ್ನು ನನ್ನ ಪ್ರೋಗ್ರೆಸ್ ಕಾರ್ಡುಗಳಲ್ಲಿ ಹತ್ತು ವರ್ಷ ನೋಡಿದ್ದೇನೆ. ಕೊನೆಯ ಅಕ್ಷರದ ಬಾಲ ಕೆಳಗೆ ಇಳಿದು ಮತ್ತೆ ಮೇಲೆ ಬರುತ್ತದೆ. ನಾನು ಚಿಕ್ಕವಳಿದ್ದಾಗ ಸ್ಲೇಟಿನ ಮೇಲೆ ಅದನ್ನೇ ಅಭ್ಯಾಸ ಮಾಡುತ್ತಿದ್ದೆ.

ಪುಟ ಮೂರು ಎಂದು ಬರೆದೆ. ಎದ್ದು ಹೋಗಿ ಅಧಿಕಾರಿಗೆ, ‘ಇದರಲ್ಲಿರುವ ಎರಡನೆಯ ಸಾಕ್ಷಿ ನಮ್ಮ ತಂದೆ, ದೂರು ಕೊಟ್ಟವರೂ ಅವರೇ. ಈ ಫೈಲು ನನ್ನ ಹತ್ತಿರ ಇರಬಾರದು’ ಅಂದೆ. ಅವರು ಕನ್ನಡಕ ತೆಗೆದು ಬಹಳ ಹೊತ್ತು ಒರೆಸಿದರು. ‘ಇದನ್ನೇ ಬರವಣಿಗೆಯಲ್ಲಿ ಕೊಡಿ’ ಅಂದರು. ಕೊಟ್ಟೆ. ನನ್ನನ್ನು ತಪಾಲು ವಿಭಾಗಕ್ಕೆ ಹಾಕಿದ್ದಾರೆ. ಅಲ್ಲಿ ಫೈಲುಗಳಿಲ್ಲ, ಬರುವ ಹೋಗುವ ಅಂಚೆ ಮಾತ್ರ. ನನ್ನ ಪ್ರೊಬೇಷನ್ ವರದಿಯಲ್ಲಿ ಇದರ ಬಗ್ಗೆ ಏನು ಬರೆಯುತ್ತಾರೋ ಗೊತ್ತಿಲ್ಲ.

ಚಿಕ್ಕಂದಿನಿಂದ ನಾನು ಕೇಳಿಕೊಂಡು ಬಂದದ್ದು ಒಂದೇ ಕಥೆ. ಅವನು ನಮ್ಮ ಅನ್ನ ಕಸಿದ. ಅಮ್ಮ ಹೊಲಿದು ಹೊಲಿದು ಬೆನ್ನು ಬಗ್ಗಿದ್ದು, ನನಗೆ ಎರಡು ವರ್ಷ ಕಾಲೇಜು ತಪ್ಪಿದ್ದು, ಎಲ್ಲಕ್ಕೂ ಅವನೇ ಕಾರಣ. ಕಸಿಯುವವನಿಗೆ ಬಾಗಿಲು ತೆಗೆದುಕೊಟ್ಟವರು ಯಾರೆಂದು ಮಾತ್ರ ಕಥೆಯಲ್ಲಿರಲಿಲ್ಲ.

ದೂರನ್ನು ವಾಪಸ್ ತೆಗೆದುಕೊಳ್ಳಬೇಕು ಎಂದು ನಿಮಗೆ ಈಗ ಅನ್ನಿಸಬಹುದು. ತೆಗೆದುಕೊಂಡರೆ ನಾನು ನಿಮ್ಮನ್ನು ಕ್ಷಮಿಸುವುದಿಲ್ಲ. ಇಷ್ಟು ದಿನ ನಿಮಗೆ ಅವನು ಬೀಳುವುದು ಬೇಕಿತ್ತು. ಈಗ ನನಗೆ ಬೇಕು.

ನಿಮ್ಮ ಮಗಳು

೬ ಜೂನ್ ೧೯೯೮

ನನ್ನ ಕಂದಾ,

ಇದು ಅಮ್ಮ ಬರೀತಿರೋದು. ನಿಮ್ಮಪ್ಪ ಬರೆಯಲ್ಲ, ಬರೆಯೋಕೆ ಕೂತು ಎದ್ದು ಹೋಗ್ತಾರೆ. ನಾಲ್ಕು ಇನ್‌ಲ್ಯಾಂಡ್ ಲೆಟರ್ ಹಾಳು ಮಾಡಿದ್ರು. ನನ್ನ ಅಕ್ಷರ ನೋಡಿ ನಗಬೇಡ, ಅಳತೆ ಬರೆದು ಅಭ್ಯಾಸ ಇರೋ ಕೈ ಇದು.

ನಿನ್ನ ಕಾಗದ ಬಂದ ದಿನ ಅವರು ಅದನ್ನ ಓದಿ ಜೇಬಲ್ಲಿ ಇಟ್ಕೊಂಡು ಅಂಗಡಿಗೆ ಹೋದ್ರು. ಮೂರು ವಾರ ಒಂದು ಶರ್ಟಿಂದ ಇನ್ನೊಂದಕ್ಕೆ ಬದಲಾಯಿಸ್ಕೊಂಡು ಓಡಾಡಿದ್ರು, ಒಂದು ದಿನ ಮರೆತಿದ್ರು, ಶರ್ಟು ಒಗೆಯೋಕೆ ತಗೊಂಡಾಗ ನನಗೆ ಸಿಕ್ತು. ನೆಂದು ಹೋಗೋ ಮುಂಚೆ ಓದಿದೆ.

ಮಿಷನ್ ನಿಲ್ಲಿಸಿ, ಎದುರಿಗೆ ಕೂರಿಸ್ಕೊಂಡು ಕೇಳಿದೆ. ‘ಯಾಕ್ರೀ ಹಾಕಿದ್ರಿ ಸಹಿ?’

‘ಹಾಸ್ಟೆಲ್ ಸೀಟಿಗೆ ಅಂದ. ಇಬ್ರೂ ಒಂದೇ ರೂಮಲ್ಲಿ ಇರಬಹುದು ಅಂದ.’

‘ಓದದೇ ಹಾಕಿದ್ರಾ?’

‘ಓದೇ ಹಾಕಿದೆ.’

ಆಮೇಲೆ ಅವರೇ ಹೇಳಿದ್ರು, ನೆಲ ನೋಡ್ಕೊಂಡು. ‘ಅಂಥ ಮನೆಯೋನು ಒಬ್ಬ, ನಾನು ನಿಮ್ಮೋನು ಅಂತ ಬರೆದುಕೊಡು ಅಂತ ಬಂದ. ನನಗೆ ಖುಷಿ ಆಯ್ತು ಕಣೇ. ಯಾರೂ ನಮ್ಮೋರು ಅನ್ನಿಸ್ಕೊಳ್ಳೋಕೆ ಬರಲ್ಲ. ಇವನು ಬಂದ.’ ಮುಂದಿನ ವರ್ಷ ಅದೇ ಸರ್ಟಿಫಿಕೇಟು ಇಟ್ಕೊಂಡು ಇವರ ಕೆಲಸಕ್ಕೆ ಅರ್ಜಿ ಹಾಕಿದ್ದಾನೆ. ಇವರು ಕೇಳೋಕೆ ಹೋದ್ರೆ, ‘ಬಾಯಿ ಬಿಟ್ರೆ ನೀನೂ ಒಳಗೆ ಹೋಗ್ತೀಯ ಕಷಾಯ’ ಅಂದನಂತೆ, ನಗ್ತಾ. ಇದನ್ನ ಮೂವತ್ತನಾಲ್ಕು ವರ್ಷ ಹೊಟ್ಟೇಲಿ ಇಟ್ಕೊಂಡಿದ್ದಾರೆ, ನನ್ನ ಪಕ್ಕದಲ್ಲೇ ಮಲಗಿ.

ನನಗೆ ಬಂದ ಕೋಪಕ್ಕೆ ಕೈಲಿದ್ದ ಕತ್ತರಿ ಪಕ್ಕಕ್ಕಿಟ್ಟೆ, ಅಷ್ಟೇ ಹೇಳ್ತೀನಿ. ಎರಡು ದಿನ ಊಟ ಬಡಿಸಿ ಹಿತ್ತಲಿಗೆ ಹೋಗ್ತಿದ್ದೆ.

ಮೂರನೇ ದಿನ ಅವರು, ‘ದೂರು ವಾಪಸ್ ತಗೋತೀನಿ. ಮಗಳ ಕೆಲಸಕ್ಕೆ ತೊಂದರೆ ಆಗುತ್ತೆ, ನನ್ನ ಮೇಲೂ ಕೇಸು ಬೀಳುತ್ತೆ’ ಅಂದ್ರು.

ನಾನು ಹೇಳಿದೆ, ‘ಬೀಳಲಿ. ಮಗಳು ಬೇಡ ಅಂದಿಲ್ಲ. ನಾನೂ ಬೇಡ ಅನ್ನಲ್ಲ. ಆ ಹೆಂಗಸು ನನ್ನ ಮಗು ಕೈಲಿ ಲೋಟ ತೊಳೆಸಿದಾಳೆ. ಯಾವ ಕೈಲಿ ಬರೆದುಕೊಟ್ರೋ ಅದೇ ಕೈಲಿ ಹೋಗಿ ಅಳಿಸಿ ಬನ್ನಿ.’

ಅವತ್ತು ಸರಿಯಾಗಿ ಊಟ ಮಾಡಿದ್ರು. ನೀನು ಅವರಿಗೆ ಬರೆಯದಿದ್ರೆ ಬಿಡು, ನನಗಾದ್ರೂ ಬರಿ.

ನಿನ್ನ ಅಮ್ಮ

೧೨ ಜುಲೈ ೧೯೯೮

ಪ್ರೀತಿಯ ಕಷಾಯ,

ಬಹಳ ವರ್ಷದ ಮೇಲೆ ಈ ಹೆಸರು ಬರೆಯುತ್ತಿದ್ದೇನೆ. ನಗು ಬರುತ್ತದೆ. ರಸ್ತೆ ದಾಟಿ ಬಂದು ಮಾತಾಡಬಹುದಿತ್ತು. ಆದರೆ ಅಂಗಡಿಯಲ್ಲಿ ಜನ ಇರುತ್ತಾರೆ.

ಸಮಿತಿಯಿಂದ ನೋಟಿಸು ಬಂದಿದೆ. ದೂರಿನ ಪ್ರತಿಯೂ ಜೊತೆಗಿದೆ. ನಿನ್ನ ಕನ್ನಡ ಆಗಲೂ ಚೆನ್ನಾಗಿತ್ತು, ಈಗಲೂ ಚೆನ್ನಾಗಿದೆ. ನಿನ್ನ ಮೇಲೆ ಸಿಟ್ಟಿಲ್ಲ. ಈ ವಯಸ್ಸಿನಲ್ಲಿ ಹಳೆಯದೆಲ್ಲ ಮೇಲೆ ಬರುವುದು ಸಹಜ. ನಿಮ್ಮ ತಾಯಿಯ ಕೈ ಊಟ ನನಗೂ ನೆನಪಾಗುತ್ತದೆ.

ಈಗ ವ್ಯವಹಾರದ ಮಾತು. ನನ್ನ ನಿವೃತ್ತಿಗೆ ಇನ್ನು ಮೂರೂವರೆ ತಿಂಗಳು. ವಿಚಾರಣೆಗೆ ನೀನು ಗೈರುಹಾಜರಾದರೆ ಸಾಕು, ನನ್ನ ವಕೀಲರು ದಿನಾಂಕ ಮುಂದಕ್ಕೆ ಹಾಕಿಸುತ್ತಾರೆ. ಯಾರಿಗೂ ನೋವಿಲ್ಲ. ಬಂದರೆ ಏನಾಗುತ್ತದೆ ಎಂದು ನಿನಗೆ ಗೊತ್ತು. ನಾನು ಬೀಳುವ ಗುಂಡಿಗೆ ಮೊದಲು ಬೀಳುವವನು ಸುಳ್ಳು ಸಾಕ್ಷಿ ಹೇಳಿದವನು. ನಿನ್ನ ಮಗಳು ಅದೇ ಕಚೇರಿಯಲ್ಲಿದ್ದಾಳಂತೆ, ಇನ್ನೂ ಪ್ರೊಬೇಷನ್ನಂತೆ. ಒಳ್ಳೆಯ ಹುಡುಗಿ. ಅಪ್ಪನ ಹಗೆ ತೀರಿಸಲು ಮಗಳು ಒಳಗಿನಿಂದ ಕೈಯಾಡಿಸಿದಳು ಎಂದು ಯಾರಾದರೂ ಮೇಲಕ್ಕೆ ಬರೆದರೆ ಅವಳ ಗತಿ ಏನು? ನಾನಂತೂ ಬರೆಯುವುದಿಲ್ಲ. ಜನ ಬರೆಯುತ್ತಾರೆ.

ನಿಮ್ಮ ಮಾಲೀಕರೂ ಮೊನ್ನೆ ಸಿಕ್ಕಿದ್ದರು. ಆಸ್ಪತ್ರೆಯ ಚೀಟಿಗಳಿಲ್ಲದೆ ಅಂಗಡಿ ನಡೆಯುವುದು ಕಷ್ಟ ಎಂದು ಅವರೇ ಒಪ್ಪುತ್ತಾರೆ.

ಯೋಚಿಸು. ನಾವು ಒಂದೇ ತಟ್ಟೆಯಲ್ಲಿ ಉಂಡವರು.

ನಿನ್ನ ಗುಳಿಗೆ

೧೫ ಜುಲೈ ೧೯೯೮

ಗುಳಿಗೆ,

ಈ ಚೀಟಿಯ ಹಿಂಬದಿ ನೋಡು, ನಿನ್ನದೇ ಅಕ್ಷರ. ಬೆಳಿಗ್ಗೆ ಒಬ್ಬಳು ಬಾಣಂತಿ ತಂದಳು. ಔಷಧಿ ಕೊಟ್ಟು ಚೀಟಿ ಇಟ್ಟುಕೊಂಡೆ. ‘ಸ್ಟಾಕ್ ಇಲ್ಲ, ಹೊರಗೆ ಕೊಳ್ಳಿ’ ಅಂತ ಬರೆದಿದ್ದೀಯ. ನೀನು ಕೇಳಿದ್ದಕ್ಕೆ ನನ್ನ ಉತ್ತರವೂ ಅದೇ.

ವಿಚಾರಣೆ ಆಗಸ್ಟ್ ಇಪ್ಪತ್ತಾರಕ್ಕೆ. ಇಸ್ತ್ರಿ ಮಾಡಿದ ಶರ್ಟು ಹಾಕಿಕೊಂಡು ಬಾ.

ಎರಡನೆಯ ಸಾಕ್ಷಿ

೩೦ ಆಗಸ್ಟ್ ೧೯೯೮

ಮಗಳೇ,

ನಿಮ್ಮ ಕಚೇರಿಯ ಮೆಟ್ಟಿಲು ಹತ್ತಿ, ಇಡೀ ದಿನ ಅಲ್ಲೇ ಇದ್ದು, ನಿನ್ನನ್ನು ನೋಡದೆ ವಾಪಸ್ ಬಂದೆ. ನೀನು ಕೆಳಗಿನ ಕೋಣೆಯಲ್ಲಿ ಇದ್ದೆಯಂತೆ. ಹಾಗೆಯೇ ಇರಬೇಕಿತ್ತು.

ಮೊದಲು ಅಂಗಡಿಯ ಸುದ್ದಿ. ಆಗಸ್ಟ್ ಮೊದಲ ತಾರೀಖು ಮಾಲೀಕ ಕರೆದು, ‘ನಾಳೆಯಿಂದ ಬರಬೇಡಿ, ನಿಮಗೂ ವಯಸ್ಸಾಯಿತು’ ಅಂದ. ಕೌಂಟರಿನ ಕೆಳಗಿದ್ದ ನನ್ನ ಚಪ್ಪಲಿ, ಟವೆಲು, ಕನ್ನಡಕದ ಡಬ್ಬಿ ತೆಗೆದುಕೊಂಡು ಬಂದೆ. ಮೂವತ್ತನಾಲ್ಕು ವರ್ಷಕ್ಕೆ ಒಂದೇ ಕೈಚೀಲ ಸಾಕಾಯಿತು. ಎದುರಿನ ಕಿಟಕಿಯಲ್ಲಿ ಗುಳಿಗೆ ನಿಂತು ನೋಡುತ್ತಿದ್ದ. ಅವನು ನೋಡಲಿ ಎಂದು ನಾನೂ ನಿಧಾನವಾಗಿಯೇ ನಡೆದೆ.

ವಿಚಾರಣೆಯ ದಿನ ವರಾಂಡದಲ್ಲಿ ಅವನು ನನ್ನ ಹೆಗಲು ಮುಟ್ಟಿದ. ‘ಸಾಕು ಕಷಾಯ, ಮನೆಗೆ ಹೋಗು’ ಅಂದ. ನಾನು ಪಕ್ಕಕ್ಕೆ ಸರಿದು ಕೂತೆ.

ಸಮಿತಿಯ ಅಧ್ಯಕ್ಷೆ ವಯಸ್ಸಾದವರು, ಮೆತ್ತಗೆ ಮಾತಾಡುತ್ತಾರೆ. ಮೊದಲು ಅಣ್ಣನ ಶಾಲೆಯ ಪುಸ್ತಕ ತಂದಿಟ್ಟರು. ಗುಳಿಗೆಯ ವಕೀಲ, ‘ಅದು ಗುಮಾಸ್ತನ ತಪ್ಪು, ನಮ್ಮ ಕಡೆ ಇಬ್ಬರು ಸಾಕ್ಷಿಗಳ ಹೇಳಿಕೆ ಇದೆ’ ಎಂದು ಪುಟ ಮೂರು ತೆಗೆದ. ಮೊದಲನೆಯ ಸಾಕ್ಷಿ ಸತ್ತು ಇಪ್ಪತ್ತು ವರ್ಷ ಆಯಿತು. ನನ್ನನ್ನು ಕರೆದರು.

‘ಈ ಸಹಿ ನಿಮ್ಮದಾ?’

‘ನಂದೇ.’

‘ಬರೆದಿರೋದು ನಿಜವಾ?’

‘ಸುಳ್ಳು. ಸುಳ್ಳು ಅಂತ ಗೊತ್ತಿದ್ದೇ ಹಾಕಿದೆ.’

ವಕೀಲ ಎದ್ದು ನಿಂತ. ‘ಅಂದರೆ ನೀವು ಸುಳ್ಳುಗಾರರು ಅಂತ ನೀವೇ ಒಪ್ತಿದ್ದೀರಿ. ಅವತ್ತು ಸುಳ್ಳು ಹೇಳಿದವರ ಮಾತನ್ನ ಇವತ್ತು ಯಾಕೆ ನಂಬಬೇಕು?’

ನನ್ನ ಮಾತು ತಡವರಿಸಲಿಲ್ಲ. ‘ಅವತ್ತು ಸುಳ್ಳು ಹೇಳಿದ್ದಕ್ಕೆ ನನಗೊಬ್ಬ ಸ್ನೇಹಿತ ಸಿಗ್ತಾನೆ ಅಂತ ಆಸೆ ಇತ್ತು. ಇವತ್ತು ನಿಜ ಹೇಳಿದ್ರೆ ಕೇಸು ಸಿಗುತ್ತೆ. ಯಾವುದನ್ನ ನಂಬಬೇಕು ನೀವೇ ನೋಡಿ ಸ್ವಾಮಿ.’

ಅಧ್ಯಕ್ಷೆ ಬೆರಳಚ್ಚಿನವಳ ಕಡೆ ತಿರುಗಿ, ‘ಪೂರ್ತಿ ಬರೆದುಕೊಳ್ಳಿ’ ಅಂದರು.

ಆಮೇಲೆ ನಡೆದದ್ದು ನಾನು ಕನಸಿನಲ್ಲೂ ಕೇಳಿಕೊಂಡಿರಲಿಲ್ಲ. ಗುಳಿಗೆ ತನ್ನ ಪರವಾಗಿ ಹೇಳಿಸಲು ಹೆಂಡತಿಯನ್ನೇ ಕರೆತಂದಿದ್ದ. ಒಳ್ಳೆಯ ಸೀರೆ, ಮಡಿಲಲ್ಲಿ ಕೈಚೀಲ. ವಕೀಲ ಏನೇನು ಹೇಳಬೇಕೆಂದು ಪಾಠ ಮಾಡಿದ್ದಿರಬೇಕು. ಮದುವೆ ಯಾವ ವರ್ಷ, ಮನೆ ಎಲ್ಲಿ, ಎಲ್ಲವನ್ನೂ ಪಟಪಟ ಹೇಳಿದಳು. ಆಗ ಅಧ್ಯಕ್ಷೆ ಮೆತ್ತಗೆ ಕೇಳಿದರು, ‘ನಿಮ್ಮ ಯಜಮಾನರದು ಯಾವ ಜಾತಿ ಅಮ್ಮಾ?’

ಅವಳು ಹೇಳಬೇಕಾಗಿದ್ದದ್ದು ಒಂದೇ ಒಂದು ಪದ. ನಮ್ಮ ಜಾತಿಯ ಹೆಸರು. ಬಾಯಿ ತೆರೆದಳು. ಗಂಡನ ಮುಖ ನೋಡಿದಳು. ಮುಚ್ಚಿದಳು.

‘ಹೇಳಿ ಅಮ್ಮಾ.’

‘ಸರ್ಟಿಫಿಕೇಟಲ್ಲಿ ಇದೆಯಲ್ಲ’ ಅಂದಳು.

‘ಇದೆ. ನಿಮ್ಮ ಬಾಯಲ್ಲಿ ಕೇಳ್ತಿದ್ದೀನಿ.’

ಗುಳಿಗೆ ಮೇಜಿನ ಕೆಳಗಿನಿಂದ ಅವಳ ಸೀರೆಯ ಅಂಚು ಎಳೆದ. ‘ಹೇಳೇ’ ಅಂದ, ಎಲ್ಲರಿಗೂ ಕೇಳಿಸುವ ಹಾಗೆ. ಅವಳ ಮೂಗು ಮುದುಡಿತು, ಕಣ್ಣಲ್ಲಿ ನೀರು ಬಂತು. ಗಂಡನ ಕೆಲಸ, ಪಿಂಚಣಿ, ಮನೆ ಎಲ್ಲ ಆ ಒಂದು ಪದಕ್ಕೆ ಜೋತುಬಿದ್ದಿತ್ತು. ಅವಳ ನಾಲಿಗೆಗೆ ಅದನ್ನು ಮುಟ್ಟಲಾಗಲಿಲ್ಲ. ಎದ್ದು ಹೊರಗೆ ಹೋದಳು.

ಫ್ಯಾನು ತಿರುಗುತ್ತಿತ್ತು. ಗುಳಿಗೆ ಖಾಲಿ ಬಾಗಿಲನ್ನೇ ನೋಡುತ್ತಾ ಕೂತ. ಅವನ ಕತ್ತಿನ ಹಿಂಭಾಗದಲ್ಲಿ ಬೆವರು ಕಾಲರಿಗೆ ಇಳಿಯುವುದನ್ನು ನಾನು ನೋಡಿದೆ. ಮಗಳೇ, ನನಗೆ ಪಾಪ ಅನ್ನಿಸಲಿಲ್ಲ. ಅನ್ನಿಸಬಹುದೇನೋ ಎಂದು ಸ್ವಲ್ಪ ಹೊತ್ತು ಕಾದೆ. ಸಂತೋಷವೇ ಆಯಿತು, ಹೊಟ್ಟೆ ತುಂಬ ನೀರು ಕುಡಿದ ಹಾಗೆ.

ಬಸ್ಸಿನಲ್ಲಿ ಬರುವಾಗ ಮಾತ್ರ ಒಂದು ಯೋಚನೆ ಕಾಡಿತು. ನಿನ್ನ ವಿಷಯ ಅವರು ಏನು ಮಾಡುತ್ತಾರೆ? ಅವನು ಮೇಲಕ್ಕೆ ಬರೆದೇ ಬರೆದಿರುತ್ತಾನೆ. ನನ್ನಿಂದ ನಿನ್ನ ಕೆಲಸ ಹೋದರೆ ಆ ಸಂತೋಷವನ್ನು ನಾನು ಎಲ್ಲಿ ಇಟ್ಟುಕೊಳ್ಳಲಿ? ಬೇಗ ಬರೆ. ಸಿಟ್ಟಿನಲ್ಲಿಯೇ ಬರೆ, ಪರವಾಗಿಲ್ಲ.

ನಿನ್ನ ಅಪ್ಪ

೮ ಅಕ್ಟೋಬರ್ ೧೯೯೮

ಅಪ್ಪನಿಗೆ,

ತಡವಾಯಿತು. ಆದೇಶ ಆಗುವ ತನಕ ನಿಮಗೆ ಒಂದು ಸಾಲೂ ಬರೆಯಬಾರದು ಎಂದು ನಾನೇ ನಿಶ್ಚಯಿಸಿಕೊಂಡಿದ್ದೆ.

ನೀವು ಊಹಿಸಿದ್ದು ಸರಿ. ನನ್ನ ಮೇಲೆ ಅರ್ಜಿ ಬಂತು, ಸಹಿ ಇಲ್ಲದ್ದು. ಏಪ್ರಿಲ್‌ನಲ್ಲಿ ನಾನು ಬರೆದುಕೊಟ್ಟಿದ್ದ ಕಾಗದವನ್ನು ಅಧಿಕಾರಿ ಅದಕ್ಕೆ ಲಗತ್ತಿಸಿ, ಎರಡನ್ನೂ ಅಧ್ಯಕ್ಷರ ಮುಂದಿಟ್ಟರು. ನನ್ನನ್ನು ಕರೆದು ಹತ್ತು ನಿಮಿಷ ಪ್ರಶ್ನೆ ಕೇಳಿದರು. ನನ್ನ ಪ್ರೊಬೇಷನ್ ಆರು ತಿಂಗಳು ಹೆಚ್ಚಾಗಿದೆ, ಕೆಲಸ ಉಳಿದಿದೆ. ಈ ವಿಷಯದಲ್ಲಿ ಇನ್ನು ನಿದ್ದೆಗೆಡಬೇಡಿ. ಅಮ್ಮನಿಗೂ ಹೇಳಿ.

ಆದೇಶ ಸೋಮವಾರ ಆಯಿತು. ಗುಳಿಗೆಯ ಪ್ರಮಾಣಪತ್ರ ರದ್ದು. ಕೂಡಲೇ ಸೇವೆಯಿಂದ ವಜಾ ಮಾಡಬೇಕು, ನಿವೃತ್ತಿಯ ಯಾವ ಸೌಲಭ್ಯವನ್ನೂ ಕೊಡಕೂಡದು, ಮೊಕದ್ದಮೆ ಹೂಡಬೇಕು. ಮೂವತ್ತೊಂದಕ್ಕೆ ಇನ್ನೂ ಇಪ್ಪತ್ತಾರು ದಿನ ಇತ್ತು.

ಆ ಫೈಲನ್ನು ನಾನು ಮುಟ್ಟಬಾರದೆಂದು ತಪಾಲಿಗೆ ಹಾಕಿದ್ದರಲ್ಲ, ಆದೇಶ ಹೊರಗೆ ಹೋಗಬೇಕಾದರೆ ತಪಾಲಿಗೇ ಬರಬೇಕು. ನಿನ್ನೆ ಹೆಡ್ ಕ್ಲರ್ಕ್ ಮೂರು ಪ್ರತಿ ತಂದು ಮೇಜಿನ ಮೇಲಿಟ್ಟರು. ಮೇಲಿನ ಹೆಸರು ನೋಡಿ, ‘ಬೇರೆಯವರಿಗೆ ಕೊಡಲಾ?’ ಅಂದರು. ‘ವಿಳಾಸ ಬರೆಯೋದಷ್ಟೇ ಅಲ್ವಾ ಮೇಡಂ, ನಾನೇ ಬರೀತೀನಿ’ ಅಂದೆ. ಅವರು ಟೀ ಕುಡಿಯಲು ಹೋದರು.

ಮೊದಲನೆಯ ಲಕೋಟೆ ಆಸ್ಪತ್ರೆಯ ಮುಖ್ಯಸ್ಥರಿಗೆ. ಎರಡನೆಯದು ಗುಳಿಗೆಗೆ. ನಮ್ಮ ರಿಜಿಸ್ಟರಿನಲ್ಲೂ ಲಕೋಟೆಯ ಮೇಲೂ ಹೆಸರು, ಅದರ ಕೆಳಗೆ ಹುದ್ದೆ, ಆಮೇಲೆ ವಿಳಾಸ ಬರೆಯುವುದು ರೂಢಿ. ಅವರ ಹೆಸರನ್ನು ದುಂಡಗೆ ಬರೆದೆ. ಹುದ್ದೆಯ ಜಾಗದಲ್ಲಿ ಒಂದು ಅಡ್ಡ ಗೆರೆ ಎಳೆದೆ. ಪೆನ್ನನ್ನು ಎಷ್ಟು ಒತ್ತಿದ್ದೆ ಎಂದರೆ ಕೆಳಗಿನ ಕಾಗದದಲ್ಲೂ ಗೆರೆ ಮೂಡಿತ್ತು.

ಮೂರನೆಯದು ನಿಮಗೆ. ಸುಳ್ಳು ಹೇಳಿಕೆಗೆ ಸಹಿ ಹಾಕಿದ್ದಕ್ಕೆ ನಿಮ್ಮ ಮೇಲೆ ಏಕೆ ಕ್ರಮ ಜರುಗಿಸಬಾರದು ಎಂದು ಹದಿನೈದು ದಿನದೊಳಗೆ ಉತ್ತರ ಕೊಡಬೇಕು. ನೀವಾಗಿಯೇ ಒಪ್ಪಿಕೊಂಡದ್ದನ್ನು ಪರಿಗಣಿಸುತ್ತೇವೆ ಎಂಬ ಸಾಲೂ ಇದೆ. ಅದರ ಮೇಲೆ ತುಂಬ ಭರವಸೆ ಇಡಬೇಡಿ. ಶನಿವಾರ ಬರುತ್ತೇನೆ, ಇಬ್ಬರೂ ಕೂತು ಉತ್ತರ ಬರೆಯೋಣ. ನಿಮ್ಮ ಜೊತೆ ನನಗೆ ಬೇರೆ ಮಾತೂ ಇದೆ. ಸಿಟ್ಟು ಪೂರ್ತಿ ಹೋಗಿಲ್ಲ.

ನಿಮ್ಮ ಹೆಸರಿನ ಕೆಳಗಿನ ಸಾಲಿಗೆ ಬಂದಾಗ ಸ್ವಲ್ಪ ಹೊತ್ತು ಕೈ ನಿಂತಿತು. ಅಂಗಡಿಯೂ ಇಲ್ಲ ಈಗ. ಆಮೇಲೆ ‘ಫಾರ್ಮಸಿಸ್ಟ್’ ಎಂದು ಬರೆದೆ. ಹೆಡ್ ಕ್ಲರ್ಕ್ ವಾಪಸ್ ಬಂದು ಮೂರನ್ನೂ ತಾಳೆ ನೋಡಿದರು, ನಿಮ್ಮದನ್ನು ಎರಡು ಸಲ ನೋಡಿದರು, ಮೊಹರು ಹಾಕಿದರು.

ನಿಮ್ಮ ಮಗಳು